ಘಟ್ಟದ ಮೇಲಿನ ಹುಡುಗ ಅಡ್ಮಿರಲ್ ಆಗಬಲ್ಲನೇ?

ಪ್ರಶ್ನೆ: ನಮ್ಮದು ಪೊನ್ನಂಪೇಟೆ ಸಮೀಪದ ಹಳ್ಳಿ. ಎಂಟು ಎಕರೆ ಕಾಫಿ ತೋಟವಿದೆ, ನಡುವೆ ಕರಿಮೆಣಸು. ನನ್ನ ಮಾವನವರೂ ಪತಿಯೂ ಭೂಸೇನೆಯಲ್ಲಿದ್ದವರು. ಪತಿ ಸುಬೇದಾರರಾಗಿ ನಿವೃತ್ತರಾಗಿ ಈಗ ತೋಟ ನೋಡಿಕೊಳ್ಳುತ್ತಿದ್ದಾರೆ. ಇರುವ ಒಬ್ಬನೇ ಮಗ ದ್ವಿತೀಯ ಪಿಯುಸಿ ವಿಜ್ಞಾನ ಓದುತ್ತಿದ್ದು, ನೌಕಾಪಡೆ ಸೇರಿ ಅಡ್ಮಿರಲ್ ಆಗುತ್ತೇನೆಂದು ಹಟ ಹಿಡಿದಿದ್ದಾನೆ. ಸೇನೆ ಸೇರುವುದಾದರೆ ನಮ್ಮ ಆಕ್ಷೇಪವಿಲ್ಲ. ಆದರೆ ಘಟ್ಟದ ಮೇಲಿನವರಿಗೆ ಕಡಲು ಒಗ್ಗುವುದಿಲ್ಲ, ಅಲ್ಲಿ ಮೇಲಿನ ಹುದ್ದೆಗಳೆಲ್ಲ ಶಿಫಾರಸು ಇದ್ದವರಿಗೇ ಹೋಗುತ್ತವೆ ಎಂದು ಬಂಧುಗಳು ಹೇಳುತ್ತಾರೆ. ಇನ್ನೊಬ್ಬರು, ಈಗ ಎಲ್ಲವೂ ನಾಲ್ಕು ವರ್ಷದ ಕೆಲಸ, ಆಮೇಲೆ ಮನೆಗೆ ಕಳುಹಿಸುತ್ತಾರೆ ಎಂದು ಹೆದರಿಸಿದ್ದಾರೆ. ಮಗನಿಗೆ ಸಣ್ಣ ಪವರಿನ ಕನ್ನಡಕವಿದೆ. ಸಂಪಾಜೆ ಘಾಟಿಯಲ್ಲಿ ಬಸ್ಸು ಇಳಿಯುವಾಗ ಪ್ರತಿಸಲವೂ ವಾಂತಿ ಮಾಡುತ್ತಾನೆ. ಇಂಥವನು ಹಡಗಿನಲ್ಲಿ ಬಾಳಬಲ್ಲನೇ? ನಿಜವಾಗಿಯೂ ದೊಡ್ಡ ಹುದ್ದೆಗೆ ಏರಬಲ್ಲನೇ?

ಉತ್ತರ: ನಿಮ್ಮ ಪತ್ರದಲ್ಲಿ ನೀವು ಕೇಳಿರುವ ಪ್ರಶ್ನೆಗಳಿವೆ, ಕೇಳದೆ ಬಿಟ್ಟಿರುವ ಒಂದು ಪ್ರಶ್ನೆಯೂ ಇದೆ. ಮಗನ ದೇಹ ಕಡಲಿಗೆ ಒಗ್ಗುತ್ತದೆಯೇ, ಕೊಡಗಿನ ಸಾಮಾನ್ಯ ಕುಟುಂಬದ ಹುಡುಗ ಮೇಲಿನ ಹುದ್ದೆಗೆ ಏರಬಲ್ಲನೇ ಎಂದು ಕೇಳಿದ್ದೀರಿ. ಒಬ್ಬನೇ ಮಗ, ಎಂಟು ಎಕರೆ ತೋಟ ಎಂದು ಬರೆದ ಮೇಲೆ ಆ ವಿಷಯವನ್ನು ಅಲ್ಲಿಗೇ ನಿಲ್ಲಿಸಿದ್ದೀರಿ. ನನ್ನ ಅಂದಾಜಿನಲ್ಲಿ ನಿಮ್ಮ ಚಿಂತೆಯ ಬೇರು ಇರುವುದು ಅಲ್ಲಿಯೇ. ಆದ್ದರಿಂದ ಅದಕ್ಕೂ ಉತ್ತರಿಸುತ್ತೇನೆ. ಮೊದಲು ನನ್ನ ಬಗ್ಗೆ ಒಂದು ಮಾತು: ನಾನು ಸೋಮವಾರಪೇಟೆ ಕಡೆಯವನು. ಎನ್‌ಡಿಎ (ರಾಷ್ಟ್ರೀಯ ರಕ್ಷಣಾ ಅಕಾಡೆಮಿ) ಮೂಲಕ ನೌಕಾಪಡೆಯ ಎಕ್ಸಿಕ್ಯುಟಿವ್ ಶಾಖೆ, ಅಂದರೆ ಹಡಗು ನಡೆಸುವವರ ಶಾಖೆ ಸೇರಿ, ಎರಡು ಹಡಗುಗಳ ನಾಯಕತ್ವ ವಹಿಸಿ, ಕ್ಯಾಪ್ಟನ್ ಹುದ್ದೆಯಲ್ಲಿ ನಿವೃತ್ತನಾದವನು. ಮುಂದಿನ ಮೆಟ್ಟಿಲಾದ ಕಮಡೋರ್ ಬಡ್ತಿ ನನಗೆ ಸಿಗಲಿಲ್ಲ. ಏರಿದವರನ್ನೂ ನಡುದಾರಿಯಲ್ಲಿ ನಿಂತವರನ್ನೂ ಹತ್ತಿರದಿಂದ ಬಲ್ಲವನು ಬರೆಯುತ್ತಿದ್ದಾನೆ ಎಂದು ತಿಳಿದು ಮುಂದಿನದನ್ನು ಓದಿ.

ಕೊಡಗು ಎಂದರೆ ಭೂಸೇನೆ ಎಂಬ ಭಾವನೆಗೆ ಇತಿಹಾಸದ ಕಾರಣವಿದೆಯೇ ಹೊರತು ನಮ್ಮ ರಕ್ತದಲ್ಲಿ ಕಡಲಿಗೆ ಆಗದ್ದು ಏನೂ ಇಲ್ಲ. ಭೂಸೇನೆಯಲ್ಲಿ ಭಾರತೀಯರಿಗೆ ಅಧಿಕಾರಿ ಹುದ್ದೆಯ ಬಾಗಿಲು ಮೊದಲನೆಯ ಮಹಾಯುದ್ಧದ ಕೊನೆಯ ಹೊತ್ತಿಗೇ ತೆರೆದಿದ್ದರಿಂದ 1949ರ ಜನವರಿ 15ರಂದು ಕಾರಿಯಪ್ಪನವರು ಮೊದಲ ಭಾರತೀಯ ದಂಡನಾಯಕರಾಗುವಷ್ಟರಲ್ಲಿ ಅವರ ಹಿಂದೆ ಮೂರು ದಶಕಗಳ ಅನುಭವವಿತ್ತು. ನೌಕಾಪಡೆಯಲ್ಲಿ ಮೊದಲ ಭಾರತೀಯ ಅಧಿಕಾರಿ ನೇಮಕವಾದದ್ದು 1928ರಲ್ಲಿ, ಅದೂ ಎಂಜಿನಿಯರಿಂಗ್ ಶಾಖೆಯಲ್ಲಿ. ಹೀಗಾಗಿ ಸ್ವಾತಂತ್ರ್ಯ ಬಂದ ಮೇಲೂ ಹತ್ತು ವರ್ಷಕ್ಕೂ ಹೆಚ್ಚು ಕಾಲ ಬ್ರಿಟಿಷ್ ಅಡ್ಮಿರಲ್‌ಗಳೇ ಮುಖ್ಯಸ್ಥರಾಗಿದ್ದು, 1958ರ ಏಪ್ರಿಲ್ 22ರಂದು ವೈಸ್ ಅಡ್ಮಿರಲ್ ರಾಮದಾಸ್ ಕಟಾರಿ ಅಧಿಕಾರ ವಹಿಸಿಕೊಂಡಾಗ ನಮ್ಮ ತಿಮ್ಮಯ್ಯನವರು ಆಗಲೇ ಭೂಸೇನೆಯ ಮುಖ್ಯಸ್ಥರಾಗಿದ್ದರು. ಅಜ್ಜ ಹೋದ ದಾರಿಯಲ್ಲಿ ಮಗ, ಮಗ ಹೋದ ದಾರಿಯಲ್ಲಿ ಮೊಮ್ಮಗ ಎಂಬಂತೆ ನಮ್ಮ ಮನೆಗಳಲ್ಲಿ ಹಸಿರು ಸಮವಸ್ತ್ರ ನಿಂತುಬಿಟ್ಟಿತು. ಹಾಗಿದ್ದೂ ಕೊಡಗಿನಿಂದ ಹೋದವರು ನೌಕಾಪಡೆಯಲ್ಲಿ ರಿಯರ್ ಅಡ್ಮಿರಲ್ ಹುದ್ದೆಯವರೆಗೆ ಏರಿದ್ದಾರೆ.

ಇನ್ನು ದೂರದ ಮಾತು. ವಿರಾಜಪೇಟೆಯಿಂದ ಮಾಕುಟ್ಟ ಘಾಟಿ ಇಳಿದು ಇರಿಟ್ಟಿಯ ಮೇಲೆ ಕಣ್ಣೂರಿಗೆ ಹೋದರೆ ನೂರು ಕಿಲೋಮೀಟರಿನೊಳಗೆ ಸಮುದ್ರ ಸಿಗುತ್ತದೆ. ಬೆಂಗಳೂರು ಅದರ ಎರಡರಷ್ಟಕ್ಕಿಂತಲೂ ದೂರ. ಭಾರತದ ಎಲ್ಲ ನೌಕಾ ಅಧಿಕಾರಿಗಳೂ ತರಬೇತಿ ಪಡೆಯುವ ಏಳಿಮಲದ ನೌಕಾ ಅಕಾಡೆಮಿ 2009ರಲ್ಲಿ ಉದ್ಘಾಟನೆಯಾದದ್ದು ಅದೇ ಕಣ್ಣೂರು ಜಿಲ್ಲೆಯಲ್ಲಿ. ನಮ್ಮ ದಕ್ಷಿಣ ಕೊಡಗಿನ ಬರಪೊಳೆಯ ನೀರು ಘಟ್ಟ ಇಳಿದು ಸೇರುವುದೂ ಆ ಜಿಲ್ಲೆಯ ಕಡಲನ್ನೇ. ಹಿಂದೆ ನಮ್ಮ ಹಿರಿಯರು ಉಪ್ಪಿಗೂ ಬಟ್ಟೆಗೂ ತಲಶ್ಶೇರಿಗೆ ಹೋಗಿಬರುತ್ತಿದ್ದರು. ಕಡಲು ನಮಗೆ ಅಷ್ಟೇನೂ ಪರದೇಶವಲ್ಲ.

ಘಾಟಿಯ ವಾಂತಿಯ ವಿಷಯ ಹೇಳುತ್ತೇನೆ, ಏಕೆಂದರೆ ನಾನೂ ಅದೇ ಗುಂಪಿನವನು. ಚಲನೆಯನ್ನು ಒಳಗಿವಿಯಲ್ಲಿರುವ ಸಮತೋಲನದ ಅಂಗ ಒಂದು ರೀತಿ ತಿಳಿಸುತ್ತದೆ, ಬಸ್ಸಿನ ಸೀಟನ್ನೋ ಮೊಬೈಲನ್ನೋ ನೋಡುತ್ತಿರುವ ಕಣ್ಣು ಇನ್ನೊಂದು ರೀತಿ ತಿಳಿಸುತ್ತದೆ. ಈ ಎರಡು ಸುದ್ದಿಗಳು ಹೊಂದದಿದ್ದಾಗ ಮೆದುಳು ಗಲಿಬಿಲಿಗೊಂಡು ಹೊಟ್ಟೆ ತೊಳಸುತ್ತದೆ. ಇದು ರೋಗವಲ್ಲ, ದೌರ್ಬಲ್ಯವೂ ಅಲ್ಲ. ಬ್ರಿಟಿಷ್ ನೌಕಾಪಡೆಯ ಪ್ರಸಿದ್ಧ ಅಡ್ಮಿರಲ್ ನೆಲ್ಸನ್ ಅವರಿಗೇ ಕೊನೆಯವರೆಗೂ ಕಡಲಬೇನೆ ಕಾಡುತ್ತಿತ್ತು. ಬಹುಪಾಲು ಜನರಲ್ಲಿ ಎರಡು ಮೂರು ದಿನಗಳಲ್ಲಿ ಮೆದುಳು ಹಡಗಿನ ಓಲಾಟವನ್ನು ಲೆಕ್ಕಕ್ಕೆ ತೆಗೆದುಕೊಂಡು ಸುಮ್ಮನಾಗುತ್ತದೆ. ಕೊಚ್ಚಿಯಿಂದ ಹೊರಟ ತರಬೇತಿ ಹಡಗಿನಲ್ಲಿ ನಾನು ಮೊದಲ ಮೂರು ದಿನ ಬಕೆಟ್ಟನ್ನು ಕೈಯಿಂದ ಬಿಡಲಿಲ್ಲ. ಒಬ್ಬ ಹಿರಿಯ ನಾವಿಕ ಬಂದು ಒಣ ಬಿಸ್ಕತ್ತು ಕೊಟ್ಟು, ಮಲಗಬೇಡ, ಡೆಕ್ಕಿಗೆ ಬಂದು ಬಾನಂಚನ್ನು ನೋಡುತ್ತಾ ಹಗ್ಗ ಸುತ್ತು ಎಂದರು. ನಾಲ್ಕನೆಯ ದಿನ ಹೊಟ್ಟೆ ತುಂಬ ಊಟ ಮಾಡಿದೆ. ಎಷ್ಟು ದಿನವಾದರೂ ಒಗ್ಗದವರು ಕೆಲವರು ಇದ್ದೇ ಇರುತ್ತಾರೆ, ಅವರಿಗೆ ಬೇರೆ ಕೆಲಸಗಳಿವೆ. ಆದರೆ ಬಸ್ಸಿನ ವಾಂತಿಯನ್ನು ನೋಡಿ ಅದನ್ನು ಮೊದಲೇ ನಿರ್ಧರಿಸಲು ಬರುವುದಿಲ್ಲ. ಈಜು ಬಾರದಿದ್ದರೂ ಅಡ್ಡಿಯಿಲ್ಲ. ಅಲ್ಲಿಯೇ ಕಲಿಸುತ್ತಾರೆ, ಕಲಿಯದೆ ಹೊರಗೆ ಬಿಡುವುದಿಲ್ಲ.

ಕಣ್ಣಿನ ಮಾತು ಬೇರೆ. ಇಲ್ಲಿ ರಿಯಾಯಿತಿ ಇಲ್ಲ. ಕನ್ನಡಕವಿದ್ದ ಮಾತ್ರಕ್ಕೆ ಬಾಗಿಲು ಮುಚ್ಚುವುದಿಲ್ಲವಾದರೂ ಪವರಿಗೆ ಕಟ್ಟುನಿಟ್ಟಾದ ಮಿತಿಯಿದೆ. ಅದು ಆಯಾ ವರ್ಷದ ಅಧಿಸೂಚನೆಯಲ್ಲಿ ಅಂಕಿಗಳಲ್ಲೇ ಮುದ್ರಿತವಾಗಿರುತ್ತದೆ. ಅದಕ್ಕಿಂತ ಮುಖ್ಯವಾದದ್ದು ಬಣ್ಣ ಗುರುತಿಸುವ ಶಕ್ತಿ. ರಾತ್ರಿ ಕಡಲಲ್ಲಿ ಎದುರಿನ ಹಡಗು ಕಾಣುವುದಿಲ್ಲ, ಅದರ ದೀಪಗಳು ಮಾತ್ರ ಕಾಣುತ್ತವೆ. ಎಡಮಗ್ಗುಲಿಗೆ ಕೆಂಪು, ಬಲಮಗ್ಗುಲಿಗೆ ಹಸಿರು, ಕಂಬದ ಮೇಲೆ ಬಿಳಿ. ಕೆಂಪು ಕಂಡರೆ ಆ ಹಡಗು ಒಂದು ದಿಕ್ಕಿಗೆ ಹೋಗುತ್ತಿದೆ, ಹಸಿರು ಕಂಡರೆ ಇನ್ನೊಂದು ದಿಕ್ಕಿಗೆ, ಎರಡೂ ಒಟ್ಟಿಗೆ ಕಂಡರೆ ನೇರ ನಮ್ಮ ಮೇಲೆಯೇ ಬರುತ್ತಿದೆ ಎಂದರ್ಥ. ಕೆಂಪು ಹಸಿರಿನ ವ್ಯತ್ಯಾಸ ತಿಳಿಯದವನ ಕೈಗೆ ಇನ್ನೂರು ಮುನ್ನೂರು ಜನರಿರುವ ಹಡಗನ್ನು ಕೊಡಲಾಗದು. ಬಣ್ಣಗುರುಡು ಸಾಮಾನ್ಯವಾಗಿ ತಾಯಿಯ ಕಡೆಯಿಂದ ಗಂಡುಮಕ್ಕಳಿಗೆ ಬರುವಂಥದ್ದು, ಇದ್ದವನಿಗೇ ಎಷ್ಟೋ ವರ್ಷ ಗೊತ್ತಿರುವುದಿಲ್ಲ, ಅದಕ್ಕೆ ಚಿಕಿತ್ಸೆಯೂ ಇಲ್ಲ. ಹೀಗಿರುವುದರಿಂದ ಕೋಚಿಂಗ್ ಶುಲ್ಕ ಕಟ್ಟುವ ಮೊದಲು ಮಗನನ್ನು ಮಡಿಕೇರಿಗೋ ಮೈಸೂರಿಗೋ ಕರೆದೊಯ್ದು ಕಣ್ಣಿನ ವೈದ್ಯರಿಂದ ಚುಕ್ಕೆಗಳ ಪಟ್ಟಿಯ ಪರೀಕ್ಷೆ ಮಾಡಿಸಿ. ಹತ್ತು ನಿಮಿಷದ ಕೆಲಸ. ಎರಡು ವರ್ಷ ಕೋಚಿಂಗ್ ಮುಗಿಸಿ, ಸಂದರ್ಶನದಲ್ಲೂ ಗೆದ್ದು, ವೈದ್ಯಕೀಯ ಪರೀಕ್ಷೆಯ ದಿನ ಇದು ಗೊತ್ತಾಗಿ ಅಳುತ್ತಾ ಮರಳಿದ ಹುಡುಗರನ್ನು ನಾನು ಕಂಡಿದ್ದೇನೆ. ಕನ್ನಡಕ ತೆಗೆಸಲೆಂದು ಲೇಸರ್ ಶಸ್ತ್ರಚಿಕಿತ್ಸೆಗೆ ಅವಸರಪಡಬೇಡಿ. ಚಿಕ್ಕ ವಯಸ್ಸಿನಲ್ಲಿ ಮಾಡಿಸಿಕೊಂಡದ್ದೇ ಅನರ್ಹತೆಗೆ ಕಾರಣವಾಗಬಹುದು.

ನಾಲ್ಕು ವರ್ಷದ ಕೆಲಸ ಎಂದು ಹೆದರಿಸಿದವರು ಎರಡು ಬೇರೆ ದಾರಿಗಳನ್ನು ಒಂದು ಮಾಡಿದ್ದಾರೆ. 2022ರಲ್ಲಿ ಬಂದ ಅಗ್ನಿಪಥ ಯೋಜನೆ ನಾವಿಕರ ಭರ್ತಿಗೆ ಸಂಬಂಧಿಸಿದ್ದು. ಅವರಿಗೆ ಒಡಿಶಾದ ಐಎನ್‌ಎಸ್ ಚಿಲ್ಕಾದಲ್ಲಿ ತರಬೇತಿ. ಅಧಿಕಾರಿಗಳ ನೇಮಕಕ್ಕೂ ಅದಕ್ಕೂ ಸಂಬಂಧವಿಲ್ಲ. ಮರ್ಚೆಂಟ್ ನೇವಿ ಎಂಬುದು ಮೂರನೆಯ ಲೋಕ, ಸರಕು ಸಾಗಿಸುವ ಖಾಸಗಿ ಹಡಗುಗಳದ್ದು. ಸಂಬಳ ಹೆಚ್ಚು, ಆದರೆ ಪಿಂಚಣಿಯಿಲ್ಲ, ಸಮವಸ್ತ್ರ ಒಂದೇ ರೀತಿ ಕಂಡರೂ ಅದು ದೇಶದ ಸೇನೆಯಲ್ಲ. ಈ ಗೊಂದಲವನ್ನೇ ಬಳಸಿಕೊಂಡು, ನೇವಿಯಲ್ಲಿ ಸೀಟು ಕೊಡಿಸುತ್ತೇವೆಂದು ಹಣ ಕೀಳುವ ದಲ್ಲಾಳಿಗಳು ನಮ್ಮ ಸಣ್ಣ ಊರುಗಳವರೆಗೂ ಬರುತ್ತಾರೆ. ಭಾರತೀಯ ನೌಕಾಪಡೆಯ ಅಧಿಕಾರಿ ತರಬೇತಿಗೆ ಒಂದು ರೂಪಾಯಿ ಶುಲ್ಕವೂ ಇಲ್ಲ. ಹಣ ಕೇಳಿದವರನ್ನು ಗೇಟಿನಿಂದಲೇ ಕಳುಹಿಸಿಬಿಡಿ.

ಈಗ ಮುಖ್ಯ ವಿಷಯಕ್ಕೆ ಬರೋಣ. ನಿಮ್ಮ ಪತಿ ಸೇನೆಯವರಾದ್ದರಿಂದ ಒಂದು ಎಚ್ಚರಿಕೆ: ಹುದ್ದೆಗಳ ಹೆಸರು ಅವರನ್ನೂ ದಾರಿ ತಪ್ಪಿಸಬಹುದು. ಭೂಸೇನೆಯ ಕ್ಯಾಪ್ಟನ್ ಎಂದರೆ ಹೆಗಲ ಮೇಲೆ ಮೂರು ನಕ್ಷತ್ರಗಳ ಯುವಕ. ನೌಕಾಪಡೆಯ ಕ್ಯಾಪ್ಟನ್ ಭೂಸೇನೆಯ ಕರ್ನಲ್‌ಗೆ ಸಮ. ನಾನು ನಿವೃತ್ತನಾಗಿ ಊರಿಗೆ ಬಂದ ಹೊಸತರಲ್ಲಿ, ಪಾಪ, ಇಷ್ಟು ವಯಸ್ಸಾದರೂ ಕ್ಯಾಪ್ಟನ್ ಆಗಿಯೇ ಉಳಿದರಲ್ಲ ಎಂದು ಮದುವೆ ಮನೆಯಲ್ಲಿ ಒಬ್ಬ ಹಿರಿಯರು ಮರುಗಿದ್ದುಂಟು. ಅಲ್ಲಿನ ಏಣಿ ಹೀಗಿದೆ: ಸಬ್ ಲೆಫ್ಟಿನೆಂಟ್ ಆಗಿ ಸೇರಿದವನು ಎರಡು ವರ್ಷಕ್ಕೆ ಲೆಫ್ಟಿನೆಂಟ್, ಆರು ವರ್ಷಕ್ಕೆ ಲೆಫ್ಟಿನೆಂಟ್ ಕಮಾಂಡರ್, ಹದಿಮೂರು ವರ್ಷಕ್ಕೆ ಕಮಾಂಡರ್. ಇಲ್ಲಿಯವರೆಗಿನ ಬಡ್ತಿ ಸೇವಾವಧಿಯ ಲೆಕ್ಕದಲ್ಲಿ, ನಿಗದಿತ ಅರ್ಹತೆಗಳನ್ನು ಪೂರೈಸಿದವರಿಗೆಲ್ಲ ಬರುತ್ತದೆ. ಅಂದರೆ ಸುಮಾರು ಮೂವತ್ತೈದನೆಯ ವಯಸ್ಸಿನವರೆಗೆ ಒಟ್ಟಿಗೆ ಸೇರಿದವರು ಒಟ್ಟಿಗೇ ಏರುತ್ತಾರೆ. ಆಮೇಲಿನ ಕ್ಯಾಪ್ಟನ್, ಕಮಡೋರ್, ರಿಯರ್ ಅಡ್ಮಿರಲ್, ವೈಸ್ ಅಡ್ಮಿರಲ್ ಹುದ್ದೆಗಳು ಆಯ್ಕೆಯಿಂದ ಬರುವಂಥವು. ಆಯ್ಕೆಯಲ್ಲಿ ಕ್ಯಾಪ್ಟನ್ ಆಗದವನಿಗೆ 26 ವರ್ಷ ಸೇವೆ ತುಂಬಿದಾಗ ಸೇವಾವಧಿಯ ಮೇಲೆ ಆ ದರ್ಜೆ ಸಿಗುತ್ತದೆ, ಆದರೆ ಅಲ್ಲಿಗೆ ಅವನ ಏಣಿ ಮುಗಿಯುತ್ತದೆ. ಅಡ್ಮಿರಲ್ ಎಂಬ ಪೂರ್ಣ ದರ್ಜೆಯಲ್ಲಿ ಸಾಮಾನ್ಯವಾಗಿ ಇರುವುದು ಒಬ್ಬರೇ, ನೌಕಾಪಡೆಯ ಮುಖ್ಯಸ್ಥರು. ಅವರ ಅವಧಿ ಮೂರು ವರ್ಷ ಅಥವಾ 62ರ ವಯಸ್ಸು, ಯಾವುದು ಮೊದಲೋ ಅಲ್ಲಿಯವರೆಗೆ. ಹೀಗೆ ಕಿರಿದಾಗುವ ಏಣಿಯಲ್ಲಿ ಒಳ್ಳೆಯ ಅಧಿಕಾರಿಗಳೂ ನಿಲ್ಲಲೇಬೇಕಾಗುತ್ತದೆ. ಹತ್ತು ಮಂದಿ ಸಮರ್ಥರಿದ್ದು ಎರಡು ಕುರ್ಚಿಗಳಿದ್ದರೆ ಎಂಟು ಮಂದಿ ನಿಂತದ್ದು ಅವರ ತಪ್ಪಿನಿಂದಲ್ಲ.

ಶಿಫಾರಸು ನಡೆಯುತ್ತದೆಯೇ ಎಂದು ಕೇಳಿದ್ದೀರಿ. ಬಡ್ತಿ ಮಂಡಳಿಯ ಮುಂದೆ ಇರುವುದು ಹತ್ತಾರು ವರ್ಷಗಳ ಗೌಪ್ಯ ವರದಿಗಳು. ಅವುಗಳನ್ನು ಬೇರೆಬೇರೆ ಹಡಗುಗಳಲ್ಲಿ, ಬೇರೆಬೇರೆ ಮೇಲಧಿಕಾರಿಗಳು ಬರೆದು, ಅವರ ಮೇಲಿನವರು ಮತ್ತೆ ಪರಿಶೀಲಿಸಿರುತ್ತಾರೆ. ಒಬ್ಬಿಬ್ಬರ ಪ್ರೀತಿಯಿಂದಲೋ ಕೋಪದಿಂದಲೋ ಅಷ್ಟನ್ನೂ ತಿರುಗಿಸಲಾಗದು. ಮನುಷ್ಯರು ಬರೆಯುವ ವರದಿ, ಮನುಷ್ಯರು ಮಾಡುವ ಆಯ್ಕೆ, ಆದ್ದರಿಂದ ಒಂದು ಅಂಕದ ಅಂತರದಲ್ಲಿ ಯಾರದೋ ಅಭಿಪ್ರಾಯ ತೂಗಿರಬಹುದು, ಅದನ್ನು ಅಲ್ಲಗಳೆಯುವುದಿಲ್ಲ. ಆದರೆ ದಕ್ಷಿಣದವರಿಗೆ ಅಲ್ಲಿ ಜಾಗವಿಲ್ಲ ಎಂಬ ಮಾತಿಗೆ ದಾಖಲೆಯೇ ಉತ್ತರ ಹೇಳುತ್ತದೆ. 1979ರಿಂದ 1982ರವರೆಗೆ ಮುಖ್ಯಸ್ಥರಾಗಿದ್ದ ಅಡ್ಮಿರಲ್ ರೊನಾಲ್ಡ್ ಪೆರೇರಾ ಹುಟ್ಟಿದ್ದು ನಮ್ಮ ಘಟ್ಟದ ಬುಡದ ಕಣ್ಣೂರಿನಲ್ಲಿ. 2021ರಿಂದ 2024ರವರೆಗೆ ಆ ಕುರ್ಚಿಯಲ್ಲಿದ್ದ ಅಡ್ಮಿರಲ್ ಹರಿಕುಮಾರ್ ತಿರುವನಂತಪುರದವರು.

ಹಾಗಾದರೆ ಮೇಲೇರುವವನನ್ನು ನಿಜವಾಗಿ ತೂಗುವುದು ಎಲ್ಲಿ? ಹಡಗಿನ ನಾಯಕತ್ವದಲ್ಲಿ. ಎಕ್ಸಿಕ್ಯುಟಿವ್ ಶಾಖೆಯ ಅಧಿಕಾರಿ ಮೊದಲು ಹಡಗು ನಡೆಸುವ ಕಟ್ಟೆಯಾದ ಬ್ರಿಜ್ ಮೇಲೆ ಸ್ವತಂತ್ರವಾಗಿ ಕಾವಲು ನಡೆಸುವ ಅರ್ಹತೆ ಪಡೆಯಬೇಕು. ಬಳಿಕ ಫಿರಂಗಿ ಮತ್ತು ಕ್ಷಿಪಣಿ, ಜಲಾಂತರ್ಗಾಮಿ ನಿಗ್ರಹ, ಸಂಪರ್ಕ, ಪಥನಿರ್ದೇಶನ ಇವುಗಳಲ್ಲೊಂದರಲ್ಲಿ ದೀರ್ಘ ತರಬೇತಿ ಪಡೆಯಬೇಕು, ಇಲ್ಲವೇ ವಿಮಾನ ಅಥವಾ ಜಲಾಂತರ್ಗಾಮಿಯ ದಾರಿ ಹಿಡಿಯಬೇಕು. ಹಡಗು ಅವನ ಕೈಗೆ ಬರುವುದು ಇಷ್ಟೆಲ್ಲ ಆದ ಮೇಲೆ. ಹಡಗಿನ ಮುಖ್ಯಸ್ಥ ಯಾವ ದರ್ಜೆಯವನಾದರೂ ಹಡಗಿನೊಳಗೆ ಅವನನ್ನು ಕ್ಯಾಪ್ಟನ್ ಎಂದೇ ಕರೆಯುತ್ತಾರೆ. ಕಮಾಂಡರ್ ದರ್ಜೆಯಲ್ಲಿ ನನ್ನ ಕೈಗೆ ಒಂದು ಕಾರ್ವೆಟ್ (ಸಣ್ಣ ಯುದ್ಧಹಡಗು) ಬಂದಾಗ ನನಗೆ ಮೂವತ್ತೆಂಟು ವರ್ಷ. ಆ ಅವಧಿಯಲ್ಲಿ ಕಡಲಲ್ಲಿದ್ದ ಯಾವ ರಾತ್ರಿಯೂ ನಾನು ಎರಡು ಗಂಟೆಗಿಂತ ಹೆಚ್ಚು ಒಟ್ಟಿಗೆ ನಿದ್ರಿಸಿದ ನೆನಪಿಲ್ಲ. ಮಂಗಳೂರು, ಮಲ್ಪೆ, ಕಾರವಾರದ ಕರಾವಳಿಯಲ್ಲಿ ರಾತ್ರಿ ಹೊತ್ತು ಮೀನುಗಾರಿಕೆ ದೋಣಿಗಳು ಜಾತ್ರೆಯಂತೆ ನೆರೆದಿರುತ್ತವೆ, ಕೆಲವಕ್ಕೆ ದೀಪವೇ ಇರುವುದಿಲ್ಲ, ಬಲೆ ಎಲ್ಲಿಯವರೆಗೆ ಹರಡಿದೆಯೆಂದು ಗೊತ್ತಾಗುವುದಿಲ್ಲ. ಅನುಮಾನ ಬಂದರೆ ನನ್ನನ್ನು ಎಬ್ಬಿಸು ಎಂದು ಕಾವಲಿನ ಅಧಿಕಾರಿಗೆ ಬರವಣಿಗೆಯಲ್ಲೇ ಆದೇಶವಿರುತ್ತದೆ. ಇಪ್ಪತ್ತನಾಲ್ಕರ ಹುಡುಗ ಫೋನ್ ಮಾಡಿ ಎಬ್ಬಿಸಿದಾಗ ರೇಗದೆ ಎದ್ದು ಬರುವುದನ್ನು ಕಲಿಯಬೇಕು, ಏಕೆಂದರೆ ಒಮ್ಮೆ ರೇಗಿದರೆ ಮುಂದಿನ ಸಲ ಅವನು ಎಬ್ಬಿಸುವುದಿಲ್ಲ. ಎಬ್ಬಿಸದ ಆ ರಾತ್ರಿ ಏನಾದರೂ ಆದರೆ ತಪ್ಪು ಅವನದಲ್ಲ, ನನ್ನದು.

ಈ ಹೊಣೆ ಕಾಗದದ ಮಾತಲ್ಲ. ಹಡಗು ನೆಲ ತಟ್ಟಿದರೆ, ಡಿಕ್ಕಿಯಾದರೆ, ಬೆಂಕಿ ಹೊತ್ತಿದರೆ ವಿಚಾರಣೆ ಮೊದಲು ಕೇಳುವುದು ಕ್ಯಾಪ್ಟನ್ನನ್ನು. ಆ ಹೊತ್ತಿಗೆ ಅವನು ಮಲಗಿದ್ದನೆಂಬುದು ಉತ್ತರವಾಗುವುದಿಲ್ಲ. ಇಪ್ಪತ್ತು ವರ್ಷದ ಒಳ್ಳೆಯ ಸೇವೆ ಇಪ್ಪತ್ತು ನಿಮಿಷದಲ್ಲಿ ನಿಂತುಹೋಗಬಹುದು. ಮೇಲಿನವರಿಗೂ ಇದು ತಪ್ಪಿದ್ದಲ್ಲ. 2013ರ ಆಗಸ್ಟ್ 14ರಂದು ಮುಂಬೈ ಬಂದರಿನಲ್ಲಿ ಸಿಂಧುರಕ್ಷಕ್ ಜಲಾಂತರ್ಗಾಮಿ ಸ್ಫೋಟಗೊಂಡು 18 ಮಂದಿ ತೀರಿಕೊಂಡರು. 2014ರ ಫೆಬ್ರವರಿ 26ರಂದು ಸಿಂಧುರತ್ನದಲ್ಲಿ ಹೊಗೆ ತುಂಬಿ ಇಬ್ಬರು ಅಧಿಕಾರಿಗಳು ಸತ್ತ ದಿನವೇ, ಮುಖ್ಯಸ್ಥರಾಗಿದ್ದ ಅಡ್ಮಿರಲ್ ಡಿ.ಕೆ. ಜೋಶಿಯವರು ನೈತಿಕ ಹೊಣೆ ಹೊತ್ತು ಅವಧಿಗೆ ಮೊದಲೇ ರಾಜೀನಾಮೆ ಕೊಟ್ಟರು. 1971ರ ಡಿಸೆಂಬರ್ 9ರ ರಾತ್ರಿ ಖುಕ್ರಿ ಹಡಗು ಮುಳುಗಿದಾಗ 18 ಅಧಿಕಾರಿಗಳೂ 176 ನಾವಿಕರೂ ಅದರೊಂದಿಗೆ ಹೋದರು. ಕ್ಯಾಪ್ಟನ್ ಮಹೇಂದ್ರನಾಥ್ ಮುಲ್ಲಾ ಹಡಗು ಬಿಡಲಿಲ್ಲ. ನಿಮ್ಮನ್ನು ಹೆದರಿಸಲೆಂದು ಇವನ್ನು ಬರೆಯುತ್ತಿಲ್ಲ. ಸೈನಿಕನ ಮನೆಯವರಾದ ನಿಮಗೆ ಅಪಾಯದ ಪರಿಚಯ ಹೊಸದೂ ಅಲ್ಲ. ಆದರೆ ಅಡ್ಮಿರಲ್ ಆಗುತ್ತೇನೆ ಎನ್ನುವ ಹುಡುಗನ ಕಣ್ಣ ಮುಂದೆ ಬಿಳಿ ಸಮವಸ್ತ್ರವೂ ಖಡ್ಗವೂ ಇರುತ್ತವೆ, ಈ ಹೊಣೆ ಇರುವುದಿಲ್ಲ.

ಅವನಿಗೆ ಯಾರೂ ಹೇಳಿರದ ಇನ್ನೊಂದು ಸಂಗತಿಯಿದೆ. ಹುದ್ದೆ ಏರಿದಂತೆ ಕಡಲು ದೂರವಾಗುತ್ತದೆ. ಅಧಿಕಾರಿಯ ಕಡಲು ಬಹುಪಾಲು ಇಪ್ಪತ್ತೆರಡರಿಂದ ನಲವತ್ತೈದರವರೆಗಿನದು. ಕಮಾಂಡರ್ ಆಗುವ ಆಸುಪಾಸಿನಲ್ಲಿ ವೆಲ್ಲಿಂಗ್ಟನ್ನಿನ ಸ್ಟಾಫ್ ಕಾಲೇಜು, ಮುಂದೆ ಗೋವಾದ ನೌಕಾ ಯುದ್ಧ ಕಾಲೇಜು, ನಡುನಡುವೆ ದೆಹಲಿಯ ಮುಖ್ಯಾಲಯದ ಮೇಜು. ಕ್ಯಾಪ್ಟನ್ ದರ್ಜೆಯಲ್ಲಿ ಫ್ರಿಗೇಟೋ ಡೆಸ್ಟ್ರಾಯರೋ ಎಂಬ ದೊಡ್ಡ ಯುದ್ಧಹಡಗು ಸಿಕ್ಕರೆ ಹೆಚ್ಚಿನವರ ಪಾಲಿಗೆ ಅದೇ ಕೊನೆಯ ಹಡಗು. ರಿಯರ್ ಅಡ್ಮಿರಲ್ ಆದವರಲ್ಲಿ ಪಶ್ಚಿಮ ಮತ್ತು ಪೂರ್ವ ನೌಕಾದಳಗಳ ನಾಯಕರಾಗುವ ಇಬ್ಬರು ಮತ್ತೆ ಕಡಲಿಗಿಳಿಯುತ್ತಾರೆ. ಉಳಿದವರ ದಿನವೆಲ್ಲ ಹಡಗು ನಿರ್ಮಾಣದ ಕಡತ, ಹಡಗುಕಟ್ಟೆಯ ದುರಸ್ತಿ ಪಟ್ಟಿ, ಬಜೆಟ್, ನೇಮಕಾತಿ, ಸಂಸದೀಯ ಪ್ರಶ್ನೆಗಳ ಉತ್ತರ ಇವುಗಳಲ್ಲೇ ಕಳೆಯುತ್ತದೆ. ಮುಂಬೈ, ವಿಶಾಖಪಟ್ಟಣ, ಕೊಚ್ಚಿಯ ಮೂರು ಕಮಾಂಡ್‌ಗಳನ್ನು ನಡೆಸುವ ವೈಸ್ ಅಡ್ಮಿರಲ್‌ಗಳು ಹಡಗು ಹತ್ತುವುದು ಪರಿಶೀಲನೆಗೆ. ಹತ್ತು ವರ್ಷದ ನಂತರ ನೀರಿಗಿಳಿಯುವ ಹಡಗಿನ ಬಗ್ಗೆ ಇಂದು ನಿರ್ಧರಿಸುವುದು ದೊಡ್ಡ ಕೆಲಸವೇ, ಅದು ತಪ್ಪಿದರೆ ಒಂದು ತಲೆಮಾರು ಅನುಭವಿಸಬೇಕು. ಆದರೆ ಆ ಕೆಲಸಕ್ಕೆ ಬೇಕಾದ ಸ್ವಭಾವವೇ ಬೇರೆ. ನಿಮ್ಮ ಮಗನಿಗೆ ಕಡಲು ಬೇಕೋ ಹುದ್ದೆ ಬೇಕೋ ಎಂದು ಅವನನ್ನೇ ಕೇಳಿ. ಕಡಲು ಎಂದರೆ ಅದು ಖಂಡಿತ ಸಿಗುತ್ತದೆ. ಹುದ್ದೆಯೊಂದೇ ಎಂದರೆ, ಕಮಾಂಡರ್ ಅಥವಾ ಕ್ಯಾಪ್ಟನ್ ಆಗಿ ನಿವೃತ್ತನಾಗುವ ದಿನ ಅವನಿಗೆ ಜೀವನ ಸೋತಂತೆ ಅನಿಸೀತು. ಅಂಥ ಸಹೋದ್ಯೋಗಿಗಳನ್ನು ನೋಡಿದ್ದೇನೆ, ಅದು ನೋಡಲು ಕಷ್ಟದ ದೃಶ್ಯ. ನನ್ನ ಹೆಸರು ಪಟ್ಟಿಯಲ್ಲಿ ಇಲ್ಲದ ದಿನ ನನಗೂ ಊಟ ಸೇರಲಿಲ್ಲ. ಆದರೆ ಆ ಹೊತ್ತಿಗೆ ನನ್ನ ಪಾಲಿನ ಎರಡು ಹಡಗುಗಳನ್ನು ನಡೆಸಿ ಮುಗಿಸಿದ್ದೆ.

ಶಾಖೆಯ ಆಯ್ಕೆಯೂ ಇದಕ್ಕೆ ಸೇರಿದ್ದು. ಎಂಜಿನಿಯರಿಂಗ್ ಮತ್ತು ಎಲೆಕ್ಟ್ರಿಕಲ್ ಶಾಖೆಯ ಅಧಿಕಾರಿಗಳು ಹಡಗಿನ ನಾಯಕತ್ವ ವಹಿಸುವುದಿಲ್ಲ. ವೈಸ್ ಅಡ್ಮಿರಲ್‌ವರೆಗೆ ಏರಬಹುದು, ಆದರೆ ನೌಕಾಪಡೆಯ ಮುಖ್ಯಸ್ಥರಾಗುವವರು ಎಕ್ಸಿಕ್ಯುಟಿವ್ ಶಾಖೆಯವರೇ. ಯಂತ್ರದ ಮೇಲೆ ಪ್ರೀತಿಯಿರುವ ಹುಡುಗನಿಗೆ ಆ ಶಾಖೆಯಲ್ಲಿ ಕಲಿಯಲು ಸಿಗುವುದು ಬಹಳ. 2022ರಲ್ಲಿ ಕೊಚ್ಚಿಯಲ್ಲಿ ಸೇವೆಗೆ ಸೇರಿದ ವಿಕ್ರಾಂತ್‌ನಂಥ ಸುಮಾರು 45,000 ಟನ್ನಿನ ಹಡಗನ್ನು ನಾವೇ ಕಟ್ಟಿದ್ದರ ಹಿಂದೆ ಅಂಥವರ ದುಡಿಮೆಯಿದೆ.

ಸಂಬಳದ ಬಗ್ಗೆ ನೀವು ಕೇಳಿಲ್ಲ, ಆದರೂ ಹೇಳಿಬಿಡುತ್ತೇನೆ. 7ನೇ ವೇತನ ಆಯೋಗದ ಪ್ರಕಾರ ಸಬ್ ಲೆಫ್ಟಿನೆಂಟ್‌ಗೆ ಮೂಲವೇತನ 56,100 ರೂಪಾಯಿಯಿಂದ ಆರಂಭ, ಅದರ ಮೇಲೆ 15,500 ರೂಪಾಯಿ ಸೇನಾ ಸೇವಾ ವೇತನ, ತುಟ್ಟಿಭತ್ಯೆ ಇತ್ಯಾದಿ. ಗೌರವದಿಂದ ಬಾಳಬಹುದು, ತೋಟ ಕೊಳ್ಳುವಷ್ಟು ಉಳಿಯುವುದಿಲ್ಲ.

ನೀವು ಕೇಳದೆ ಬಿಟ್ಟ ಪ್ರಶ್ನೆಗೆ ಈಗ ಬರುತ್ತೇನೆ. ಅಧಿಕಾರಿಗೆ ವರ್ಷಕ್ಕೆ 60 ದಿನ ವಾರ್ಷಿಕ ರಜೆ, 20 ದಿನ ಸಾಂದರ್ಭಿಕ ರಜೆ ನಿಯಮದಲ್ಲಿದೆ. ಆದರೆ ಹೂಮಳೆ ಬೀಳುವಾಗ, ರೊಬಸ್ಟಾ ಕೊಯ್ಲಿನ ಜನವರಿ ಫೆಬ್ರವರಿಯಲ್ಲಿ ಆಳು ಸಿಗದೆ ನೀವು ಪರದಾಡುವಾಗ ಆ ರಜೆ ಸಿಗುತ್ತದೆಂದು ನಂಬಬೇಡಿ. ಹಡಗಿನ ಕಾರ್ಯಕ್ರಮ ಕಾಫಿ ಹಣ್ಣಾಗುವುದನ್ನು ನೋಡಿ ನಿರ್ಧಾರವಾಗುವುದಿಲ್ಲ. ಮೂವತ್ತು ವರ್ಷದಲ್ಲಿ ನಾನು ಊರಿನಲ್ಲಿ ಹುತ್ತರಿ ಕದಿರು ತೆಗೆಯಲು ನಿಂತದ್ದು ನಾಲ್ಕೋ ಐದೋ ಸಲ. ನನ್ನ ತಂದೆ ತೀರಿಕೊಂಡ ಸುದ್ದಿ ತಲುಪಿದಾಗ ಹಡಗು ತೀರದಿಂದ ಆರು ದಿನದ ದೂರದಲ್ಲಿತ್ತು. ನಾನು ಮನೆ ತಲುಪುವಾಗ ಅಂತ್ಯಕ್ರಿಯೆ ಮುಗಿದು ವಾರವಾಗಿತ್ತು. ಈ ನೋವಿಗೆ ಯಾರನ್ನೂ ದೂರಲಾಗದು. ಆ ಕೆಲಸದ ಸ್ವರೂಪವೇ ಹಾಗೆ. ಮಗ ಹಡಗಿನ ನಾಯಕತ್ವಕ್ಕಾಗಿ ಹಗಲಿರುಳು ದುಡಿಯುವ ಮೂವತ್ತೈದರಿಂದ ನಲವತ್ತೈದರ ವಯಸ್ಸು, ನಿಮ್ಮ ಮನೆಯ ಲೆಕ್ಕದಲ್ಲಿ ನಿಮಗೂ ನಿಮ್ಮ ಪತಿಗೂ ಮಂಡಿನೋವು ಶುರುವಾಗುವ ವಯಸ್ಸಿನ ಜೊತೆಗೇ ಬರುತ್ತದೆ. ಆಗ ಅವನ ಹೆಂಡತಿಯೂ ಮುಂಬೈಯಲ್ಲೋ ವಿಶಾಖಪಟ್ಟಣದಲ್ಲೋ ಒಬ್ಬಳೇ ಮಕ್ಕಳನ್ನು ನೋಡಿಕೊಳ್ಳುತ್ತಿರುತ್ತಾಳೆ. ಕಾರವಾರದಲ್ಲಿ 2005ರಿಂದ ಐಎನ್‌ಎಸ್ ಕದಂಬ ನೆಲೆ ಇರುವುದರಿಂದ ಕೆಲವು ವರ್ಷ ಕರ್ನಾಟಕದಲ್ಲೇ ಇರುವ ಅವಕಾಶ ಈಗ ಇದೆ, ನಮ್ಮ ಕಾಲದಲ್ಲಿ ಅದೂ ಇರಲಿಲ್ಲ.

ಹಾಗೆಂದು ಸೇನೆಯಲ್ಲಿದ್ದವನ ತೋಟ ಹಾಳುಬಿದ್ದೇ ತೀರಬೇಕೆಂದಿಲ್ಲ. ನಮ್ಮಲ್ಲಿ ಸಹೋದರರ ಕುಟುಂಬಕ್ಕೆ ವಾರಕ್ಕೆ (ಫಸಲಿನ ಪಾಲಿಗೆ) ಕೊಟ್ಟವರು, ಕೊಯ್ಲನ್ನು ಗುತ್ತಿಗೆಗೆ ಬಿಟ್ಟವರು, ನಿಷ್ಠಾವಂತ ರೈಟರನ್ನು (ತೋಟದ ಮೇಲ್ವಿಚಾರಕನನ್ನು) ಇಟ್ಟು ನಡೆಸಿದವರು ಎಷ್ಟೋ ಮಂದಿ. ಇಳುವರಿ ಕಡಿಮೆಯಾಗುತ್ತದೆ, ಲೆಕ್ಕದಲ್ಲಿ ಸೋರಿಕೆಯೂ ಆಗುತ್ತದೆ, ಅದನ್ನು ಮೊದಲೇ ಒಪ್ಪಿಕೊಂಡಿರಬೇಕು. ದರ್ಜೆಗನುಗುಣವಾಗಿ ನಿವೃತ್ತಿ ಬರುವುದು 54ರಿಂದ 60ರ ನಡುವೆ. ಇಪ್ಪತ್ತು ವರ್ಷ ಅರ್ಹ ಸೇವೆ ಮುಗಿಸಿದ ಕಾಯಂ ಅಧಿಕಾರಿ ಪಿಂಚಣಿಯೊಂದಿಗೆ ಮೊದಲೇ ಹೊರಬರಲು ಅರ್ಜಿ ಹಾಕಬಹುದು. ನಿಮ್ಮ ಪತಿ ಇಂದು ಮಾಡುತ್ತಿರುವುದನ್ನೇ ಮಗನೂ ಮುಂದೊಮ್ಮೆ ಮಾಡಬಹುದು.

ದಾರಿಗಳು ಮೂರಿವೆ. ಮೊದಲನೆಯದು ಎನ್‌ಡಿಎ. ಹದಿನಾರೂವರೆಯಿಂದ ಹತ್ತೊಂಬತ್ತೂವರೆ ವಯಸ್ಸಿನವರಿಗೆ ವರ್ಷಕ್ಕೆ ಎರಡು ಬಾರಿ ಯುಪಿಎಸ್‌ಸಿ ಪರೀಕ್ಷೆ, ಗೆದ್ದವರಿಗೆ ಐದು ದಿನದ ಎಸ್‌ಎಸ್‌ಬಿ (ಸೇನಾ ಆಯ್ಕೆ ಮಂಡಳಿ) ಸಂದರ್ಶನ. ಖಡಕ್‌ವಾಸ್ಲಾದಲ್ಲಿ ಮೂರು ವರ್ಷ ಮೂರೂ ಸೇನೆಯವರ ಜೊತೆ ಕಲಿತು ಏಳಿಮಲಕ್ಕೆ ಬರುತ್ತಾರೆ. ಅಲ್ಲಿ ಹುಟ್ಟುವ ಸ್ನೇಹ ಮೇಲಿನ ಹುದ್ದೆಗಳಲ್ಲಿ ಬಹಳ ಕೆಲಸಕ್ಕೆ ಬರುತ್ತದೆ, ಆದರೆ ತರಬೇತಿ ಕಠಿಣ, ನಡುವೆ ಬಿಟ್ಟು ಬಂದವನಿಗೆ ವರ್ಷಗಳು ನಷ್ಟ. ಹೆಣ್ಣುಮಕ್ಕಳಿಗೂ ಈ ಬಾಗಿಲು 2022ರಿಂದ ತೆರೆದಿದೆ, ಮೊದಲ ತಂಡ 2025ರಲ್ಲಿ ಹೊರಬಂದಿದೆ. ನಿಮ್ಮ ನೆರೆಮನೆಯಲ್ಲಿ ಮಗಳಿದ್ದರೆ ತಿಳಿಸಿ. ಎರಡನೆಯದು ಪಿಯುಸಿ ನಂತರದ ಬಿ.ಟೆಕ್ ಪ್ರವೇಶ. ಭೌತಶಾಸ್ತ್ರ, ರಸಾಯನಶಾಸ್ತ್ರ, ಗಣಿತದಲ್ಲಿ ಒಟ್ಟು 70 ಶೇಕಡಾ, ಇಂಗ್ಲಿಷಿನಲ್ಲಿ 50 ಶೇಕಡಾ ಬೇಕು. ಜೆಇಇ ಮೇನ್ ರ‍್ಯಾಂಕ್ ನೋಡಿ ಎಸ್‌ಎಸ್‌ಬಿಗೆ ಕರೆಯುತ್ತಾರೆ, ನಾಲ್ಕು ವರ್ಷವೂ ಏಳಿಮಲದಲ್ಲಿ ಉಚಿತ. ಮೂರನೆಯದು, ಹೊರಗೆ ಎಂಜಿನಿಯರಿಂಗ್ ಮುಗಿಸಿ ಸೇರುವುದು. ನಿರ್ಧರಿಸಲು ಸಮಯ ಸಿಗುತ್ತದೆ, ಸೇರದಿದ್ದರೂ ಕೈಯಲ್ಲಿ ಪದವಿ ಇರುತ್ತದೆ. ಆದರೆ ಅಲ್ಪಾವಧಿ ಸೇವೆಗೆ ಸೇರಿ ಕಾಯಂ ಆಗದಿದ್ದರೆ ಗರಿಷ್ಠ 14 ವರ್ಷಕ್ಕೆ ಪಿಂಚಣಿಯಿಲ್ಲದೆ ಹೊರಬರಬೇಕು. ನಿಮ್ಮ ಮಗನ ಮಟ್ಟಿಗೆ, ಕಣ್ಣಿನ ಪರೀಕ್ಷೆ ಸರಿಬಂದರೆ ಮೊದಲಿನ ಎರಡಕ್ಕೂ ಒಟ್ಟಿಗೆ ತಯಾರಾಗಲಿ ಎಂದೇ ನಾನು ಹೇಳುವೆ. ಗಣಿತ, ವಿಜ್ಞಾನದ ಪಠ್ಯ ಬಹುಮಟ್ಟಿಗೆ ಒಂದೇ.

ಕೊನೆಯದಾಗಿ ಒಂದು ಸಣ್ಣ ವಿಷಯ, ಆದರೆ ಎಡವುವವರು ಇಲ್ಲೇ ಎಡವುತ್ತಾರೆ. ಎನ್‌ಡಿಎ ಅರ್ಜಿಯಲ್ಲಿ ಭೂಸೇನೆ, ನೌಕಾಪಡೆ, ವಾಯುಪಡೆ, ನೌಕಾ ಅಕಾಡೆಮಿ ಎಂಬ ನಾಲ್ಕನ್ನು ಆದ್ಯತೆಯ ಕ್ರಮದಲ್ಲಿ ತುಂಬಬೇಕು. ಯಾರು ಎಲ್ಲಿಗೆ ಎಂದು ಹಂಚುವಾಗ ರ‍್ಯಾಂಕಿನ ಜೊತೆ ಆ ಕ್ರಮವನ್ನೇ ನೋಡುತ್ತಾರೆ. ತಂದೆಯ ಮಾತಿಗೆ ಭೂಸೇನೆಯನ್ನು ಮೊದಲಿಗಿಟ್ಟು, ಆಮೇಲೆ ಬದಲಾಯಿಸಿಕೊಂಡರಾಯಿತು ಎಂದು ಸಮಾಧಾನಪಟ್ಟವರಿಗೆ ಬದಲಾವಣೆ ಸಿಕ್ಕಿದ್ದನ್ನು ನಾನು ಕಂಡಿಲ್ಲ. ಅರ್ಜಿ ತುಂಬುವ ಮುನ್ನ ಒಂದು ಭಾನುವಾರ ತಂದೆಮಕ್ಕಳಿಬ್ಬರೂ ಮಾಕುಟ್ಟ ಘಾಟಿ ಇಳಿದು ಕಣ್ಣೂರಿನ ಕಡಲನ್ನು ನೋಡಿಬರಲಿ. ದಾರಿಯಲ್ಲಿ ಹುಡುಗ ವಾಂತಿ ಮಾಡಿಕೊಂಡರೆ ಒಂದು ಒಣ ಬಿಸ್ಕತ್ತು ಕೊಡಲು ಹೇಳಿ.